ಝೆಫ್ ಅಂಕಲ್‌ಗೆ ಒಂದು ಸನ್ಮಾನ

ನಮ್ಮ ಜನಕ್ಕೆ ವರ್ಷಕ್ಕೆ ನಾಲ್ಕು ಮಂದಿಯನ್ನಾದರೂ ಹಿಡಿದು ಶಾಲು ಹೊದಿಸದಿದ್ದರೆ ನಿದ್ದೆ ಬರುವುದಿಲ್ಲ. ಇದನ್ನು ಸಿಟ್ಟಿನಲ್ಲೇ ಬರೆಯುತ್ತಿದ್ದೇನೆ. ಓದುವವರಲ್ಲಿ ಕನ್ನಡ ಸಂಘದವರಿದ್ದರೆ ಬೇಜಾರು ಮಾಡಿಕೊಳ್ಳಲಿ. ನಮ್ಮ ಪಕ್ಕದ ಮನೆಯ ಝೆಫ್ ಅಂಕಲ್ ಬಳಿ ತಮ್ಮದು ಅಂತ ಉಳಿದಿದ್ದದ್ದು ಒಂದೇ ಒಂದು. ಅದನ್ನು ನಾವು ಆಸ್ಟಿನ್‌ನ ವೇದಿಕೆಯ ಮೇಲೆ, ಹಾರ ಹಾಕಿ, ಹಣ್ಣಿನ ಬುಟ್ಟಿ ಕೊಟ್ಟು ಕಿತ್ತುಕೊಂಡೆವು. ಕಿತ್ತುಕೊಂಡವರಿಗೆ ಅದು ಗೊತ್ತೂ ಆಗಲಿಲ್ಲ. ನನಗೊಬ್ಬಳಿಗೆ ಗೊತ್ತಿತ್ತು, ಗೊತ್ತಿದ್ದೂ ಏನೂ ಮಾಡಲಾಗಲಿಲ್ಲ.

ನನ್ನ ಯಜಮಾನರು ಭೀಮಸೇನ ಡಾಲಸ್ ಪಕ್ಕದ ಪ್ಲೇನೋದಲ್ಲಿ ಕೆಲಸ ಮಾಡುವುದು ಹೊಟ್ಟೆಪಾಡಿಗೆ, ಬದುಕುವುದು ನಾಟಕಕ್ಕೆ. ಅಲ್ಲೇ ಅಲೆನ್ ಎಂಬ ಊರಿನ ನಮ್ಮ ಮನೆಯ ಗರಾಜಿನೊಳಗೆ ಕಾರು ನಿಂತು ಎಷ್ಟು ವರ್ಷವಾಯಿತೋ. ಎರಡೂ ಕಾರು ಹೊರಗೆ ಬಿಸಿಲು ಕಾಯುತ್ತವೆ, ಒಳಗೆ ಸಿಂಹಾಸನ, ಥರ್ಮೋಕೋಲಿನ ಕಂಬಗಳು, ಬಣ್ಣ ಹಾರಿದ ಗದೆ. ಶನಿವಾರ ಬಂತೆಂದರೆ ಸುತ್ತಲಿನ ಎಂಜಿನಿಯರುಗಳೆಲ್ಲ ಅಲ್ಲಿ ಸೇರಿ ರಾಜರೂ ಮಂತ್ರಿಗಳೂ ಆಗುತ್ತಾರೆ. ಅವರಿಗೆ ಚಹಾ, ಚೂಡಾ ಒದಗಿಸುವ ಪಾತ್ರ ಮಾತ್ರ ಎಲ್ಲ ನಾಟಕದಲ್ಲೂ ನನಗೇ.

ಎರಡು ವರ್ಷದ ಹಿಂದೆ ಇಂಥದೇ ಒಂದು ಶನಿವಾರ ಗರಾಜಿನ ಬಾಗಿಲಲ್ಲಿ ಪಕ್ಕದ ಮನೆಯ ಮುದುಕರು ಬಂದು ನಿಂತರು. ಎತ್ತರದ ಆಳು, ಉದ್ದನೆಯ ಮೂಗು, ಬೇಸಿಗೆಯಲ್ಲೂ ಕೋಟು. ಮಗಳು ಮಿರೆಲಾ ಆಸ್ಪತ್ರೆಯಲ್ಲಿ ನರ್ಸು, ಅಪ್ಪ ದಿನವಿಡೀ ಮನೆಯಲ್ಲಿ ಒಬ್ಬರೇ ಎಂಬುದಷ್ಟೇ ನಮಗೆ ಗೊತ್ತಿದ್ದದ್ದು. ಗದ್ದಲದ ಮೇಲೆ ಕಂಪ್ಲೇಂಟ್ ಹೇಳಲು ಬಂದಿದ್ದಾರೆಂದು ಎಲ್ಲರೂ ಗಪ್ಪಾದೆವು. ಅವರು ಮಾತ್ರ ನೆಟ್ಟಗೆ ರಾಜನ ಪಾತ್ರದ ಶಮಂತ್ ಹತ್ತಿರ ಹೋಗಿ, ಮುರುಕು ಇಂಗ್ಲಿಷಿನಲ್ಲಿ, “ಅವನು ಪ್ರಶ್ನೆ ಕೇಳೋ ಮೊದಲೇ ನಿನ್ನ ಮುಖದಲ್ಲಿ ಉತ್ತರ ಬಂದುಬಿಟ್ಟಿದೆ. ಮೊದಲು ಕೇಳಿಸಿಕೋ” ಎಂದರು. ಅವರ ಇಂಗ್ಲಿಷನ್ನು ನಾನು ಇಲ್ಲಿ ನನ್ನ ಕನ್ನಡದಲ್ಲಿ ಹೇಳುತ್ತಿದ್ದೇನೆ, ಅಷ್ಟೆ. ಒಂದು ಅಕ್ಷರ ಕನ್ನಡ ಬಾರದ ಮನುಷ್ಯ ಆ ದೃಶ್ಯದ ಹುಳುಕನ್ನು ಸರಿಯಾಗಿ ಹಿಡಿದಿದ್ದರು. ಭೀಮಸೇನರಂತೂ ಅಲ್ಲೇ ಕರಗಿ ನೀರಾದರು.

ಹೀಗೆ ಝೆಫ್ ಅಂಕಲ್ ನಮ್ಮ ತಂಡದವರಾದರು. ಅಲ್ಬೇನಿಯಾದ ಶ್ಕೋದ್ರ ಎಂಬ ಊರಿನವರು. ಅಲ್ಲಿನ ಸರ್ಕಾರಿ ರಂಗಮಂದಿರದಲ್ಲಿ ಸಂಬಳದ ನಟ, ಸಿನೆಮಾದಲ್ಲೂ ಇದ್ದವರು. ಅಲ್ಲಿ ಆಗ ನಡೆಯುತ್ತಿದ್ದದ್ದು ಪಾರ್ಟಿಯ ಆಳ್ವಿಕೆ. ಯಾವ ನಾಟಕ ಆಡಬೇಕು, ನಾಯಕ ಎಷ್ಟು ಉದ್ದ ಕೂದಲು ಬಿಡಬಹುದು, ಪ್ರೇಕ್ಷಕರು ಎಲ್ಲಿ ನಗಬೇಕು ಎಲ್ಲವೂ ಮೇಲಿನಿಂದಲೇ ತೀರ್ಮಾನವಾಗುತ್ತಿತ್ತಂತೆ. ಸುಗ್ಗಿ ಬಂದರೆ ನಟನಟಿಯರೆಲ್ಲ ಜೋಳ ಮುರಿಯಲು ಹೊಲಕ್ಕೆ. ಇದನ್ನೆಲ್ಲ ಅವರು ತಮಾಷೆಯಾಗಿಯೇ ಹೇಳುತ್ತಿದ್ದರು. ಅದರಾಚೆಗೆ ಕೇಳಿದರೆ ಚಹಾದ ಕಪ್ಪು ಕೆಳಗಿಟ್ಟು ಮನೆಗೆ ಹೊರಟುಬಿಡುತ್ತಿದ್ದರು.

ಒಂದು ದಿನ ನಮ್ಮವರು ಒಬ್ಬೊಬ್ಬರಾಗಿ ನೆಲ ಮುಟ್ಟಿ ಕಣ್ಣಿಗೊತ್ತಿಕೊಂಡು ಒಳಗೆ ಪ್ರವೇಶಿಸುವುದನ್ನು ಕಂಡು ಅವರು ನನ್ನ ಕಡೆ ಬಾಗಿದರು.

“ಅದೇನು ಮಾಡ್ತಾರೆ?”

“ರಂಗಕ್ಕೆ ನಮಸ್ಕಾರ, ಅಂಕಲ್.”

“ದೇವರಿಗಾ?”

“ದೇವರಿಗೆ ಅಂತಲೇ ಅಂದ್ಕೊಳ್ಳಿ.”

“ಎಲ್ಲರ ಎದುರಿಗೇ? ಯಾರೂ ಹೋಗಿ ಹೇಳಲ್ವಾ?”

“ಯಾರಿಗೆ ಹೇಳಬೇಕು?” ಎಂದೆ ನಾನು.

ಅವರು ನಗತೊಡಗಿದರು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂದು, ಅಂದು ಚಹಾ ಕುಡಿಯದೆ ಹೋದರು. ನನಗೇನೂ ಅರ್ಥವಾಗಲಿಲ್ಲ. ವಯಸ್ಸಾಯಿತು, ಪಾಪ ಅಂದುಕೊಂಡೆ.

ಅರ್ಥವಾಗದ್ದು ಇನ್ನೊಂದಿತ್ತು. ಅವರು ಹೂಸ್ಟನ್‌ಗೆ ಕಾಲಿಡುತ್ತಿರಲಿಲ್ಲ. ಕಣ್ಣಿನ ಆಪರೇಷನ್ನಿಗೆ ಅಲ್ಲೊಬ್ಬ ಒಳ್ಳೆಯ ಡಾಕ್ಟರಿದ್ದಾರೆಂದು ಮಿರೆಲಾ ಬೇಡಿಕೊಂಡರೂ ಬಲಗಣ್ಣು ಹೋದರೆ ಹೋಗಲಿ ಎಂದು ಕೂತರು. ಕ್ರಿಸ್‌ಮಸ್ಸಿಗೂ ಈಸ್ಟರಿಗೂ ಅಲ್ಲಿಂದ ಒಂದು ಫೋನ್ ಬರುತ್ತಿತ್ತು. ಒಮ್ಮೆ ನಮ್ಮ ಮನೆಯಲ್ಲಿದ್ದಾಗಲೇ ಬಂತು. ಹೆಸರು ನೋಡಿ ಕಟ್ ಮಾಡಿ ಜೇಬಿಗಿಟ್ಟರು. “ಹೂಸ್ಟನ್” ಎಂದರು, ಸತ್ತ ಇಲಿಯ ವಾಸನೆ ಬಂದವರ ಹಾಗೆ ಮೂಗು ಮುರಿದು.

ಭೀಮಸೇನರಿಗೆ ಇದಾವುದೂ ಕಣ್ಣಿಗೆ ಬೀಳಲಿಲ್ಲ. ಅವರ ತಲೆಯಲ್ಲಿದ್ದದ್ದು ಸನ್ಮಾನ. ಈ ಏಪ್ರಿಲ್‌ನಲ್ಲಿ ಡಾಲಸ್, ಹೂಸ್ಟನ್, ಆಸ್ಟಿನ್ ಮೂರೂ ಊರಿನ ಕನ್ನಡ ತಂಡಗಳು ಕೂಡಿ ಆಸ್ಟಿನ್‌ನಲ್ಲಿ ನಾಟಕೋತ್ಸವ ಇಟ್ಟುಕೊಂಡಿದ್ದವು. ಅದರಲ್ಲಿ ಝೆಫ್ ಅಂಕಲ್‌ಗೆ ಶಾಲು ಹೊದಿಸುವುದೆಂದು ತೀರ್ಮಾನವಾಯಿತು. ಅಲ್ಲಿಗೆ ನಿಂತಿದ್ದರೆ ನಾನೂ ಚಪ್ಪಾಳೆ ತಟ್ಟುತ್ತಿದ್ದೆ. ಆದರೆ ಪರಿಚಯದ ವಿಡಿಯೋಕ್ಕೆಂದು ಇಂಟರ್‌ನೆಟ್ಟು ಜಾಲಾಡಿದ ನಮ್ಮ ರಾಯರಿಗೆ ಒಂದು ಹಳೆಯ ಕಪ್ಪುಬಿಳುಪು ಸಿನೆಮಾದ ತುಣುಕು ಸಿಕ್ಕಿತು. ಅದರಲ್ಲಿ ಹರೆಯದ ಝೆಫ್, ಪಕ್ಕದಲ್ಲಿ ಇನ್ನೊಬ್ಬ ಹುಡುಗ, ಇಬ್ಬರೂ ಹೆಗಲ ಮೇಲೆ ಕೈ ಹಾಕಿಕೊಂಡು ಬಂದೂಕು ಹಿಡಿದು ಗುಡ್ಡ ಹತ್ತುತ್ತಾರೆ. ಕೆಳಗೆ ಕಾಮೆಂಟಿನಲ್ಲಿ ಯಾರೋ ಬರೆದಿದ್ದರು: ಎಡಗಡೆ ಇರುವುದು ನಮ್ಮ ಅಪ್ಪ ಲೆಕ್, ಈಗ ನಮ್ಮ ಜೊತೆ ಹೂಸ್ಟನ್‌ನ ಕ್ಲಿಯರ್ ಲೇಕ್‌ನಲ್ಲಿದ್ದಾರೆ.

ಕ್ಲಿಯರ್ ಲೇಕ್ ಅಂದಮೇಲೆ ಅಲ್ಲಿ ನಮ್ಮವರು ಇಲ್ಲದೆ ಇರುತ್ತಾರೆಯೇ. ಹೂಸ್ಟನ್ ತಂಡದ ಚಂದ್ರಮೋಹನ ಅವರು ಎರಡೇ ದಿನದಲ್ಲಿ ಆ ಮಗನನ್ನು ಹುಡುಕಿ ಕಾಫಿ ಕುಡಿದು ಬಂದರು. ಮಗ ಆರ್ದಿಯಾನ್ ಕುಣಿದಾಡಿಬಿಟ್ಟನಂತೆ. ಅಪ್ಪನಿಗೆ ಝೆಫ್‌ನನ್ನು ನೋಡುವುದೊಂದೇ ಆಸೆ, ಏನೋ ಹಳೆಯ ಮನಸ್ತಾಪ, ಎಷ್ಟು ಫೋನ್ ಮಾಡಿದರೂ ಮಾತಾಡುವುದಿಲ್ಲ ಎಂದನಂತೆ. ಇಬ್ಬರು ಮುದುಕ ನಟರು, ಐವತ್ತು ವರ್ಷದ ಮೇಲೆ, ವೇದಿಕೆಯ ಮೇಲೆ ಭೇಟಿ! ಭೀಮಸೇನ, ಚಂದ್ರಮೋಹನ ಇಬ್ಬರೂ ಫೋನಿನಲ್ಲೇ ಕಣ್ಣೀರು ಹಾಕಿಕೊಂಡು ಇದನ್ನು ಸರ್‌ಪ್ರೈಸ್ ಎಂದು ಗುಟ್ಟಾಗಿಟ್ಟರು. ಝೆಫ್ ಅಂಕಲ್‌ಗೂ ಹೇಳಲಿಲ್ಲ, ಮಿರೆಲಾಗೂ ಹೇಳಲಿಲ್ಲ, ನನಗೂ ಹೇಳಲಿಲ್ಲ.

ಉತ್ಸವದ ಹಿಂದಿನ ದಿನವೇ ಯಜಮಾನರು ಸಾಮಾನು ತುಂಬಿಕೊಂಡು ವ್ಯಾನಿನಲ್ಲಿ ಹೋದರು. ಶನಿವಾರ ಬೆಳಿಗ್ಗೆ ಝೆಫ್ ಅಂಕಲ್‌ರನ್ನು ಕೂರಿಸಿಕೊಂಡು ನಾನು ಡ್ರೈವ್ ಮಾಡಿದೆ. ಅವರು ಗಡ್ಡ ಬೋಳಿಸಿ ಟೈ ಕಟ್ಟಿದ್ದರು. ಐವತ್ತು ವರ್ಷದ ಮೇಲೆ ಮತ್ತೆ ರಂಗ ಹತ್ತುವ ಸಂಭ್ರಮ ಮುಖದಲ್ಲಿ ಮುಚ್ಚಿಟ್ಟರೂ ಮುಚ್ಚುತ್ತಿರಲಿಲ್ಲ. ದಾರಿಬದಿಯಲ್ಲಿ ನೀಲಿ ಹೂವು ಹರಡಿಕೊಂಡಿತ್ತು. ಡಾಲಸ್‌ನಿಂದ ಆಸ್ಟಿನ್‌ಗೆ ಹೋಗುವವರೆಲ್ಲ ನಿಲ್ಲುವ ಹಾಗೆ ನಾವೂ ವೆಸ್ಟ್ ಎಂಬ ಊರಿನಲ್ಲಿ ಬನ್ನು ತಿನ್ನಲು ನಿಂತೆವು. ಅಲ್ಲಿ, ಏಪ್ರಿಕಾಟ್ ಬನ್ನು ಮುರಿಯುತ್ತಾ, ಅವರು ತಾವಾಗಿಯೇ ಬಾಯಿ ಬಿಟ್ಟರು.

“ನನ್ನ ಮೂಗು ನೋಡು. ಈ ಮೂಗಿಗೆ ಪಾದ್ರಿ ಪಾತ್ರ ಎಲ್ಲ ನನಗೇ. ನಮ್ಮ ಸಿನೆಮಾದಲ್ಲಿ ಪಾದ್ರಿ ಅಂದರೆ ಗೂಢಚಾರ, ಮೋಸಗಾರ. ಚರ್ಚೆಲ್ಲ ಮುಚ್ಚಿಸಿದ್ದರು, ನಮ್ಮೂರಿನ ದೊಡ್ಡ ಚರ್ಚಿನಲ್ಲಿ ವಾಲಿಬಾಲ್ ಆಡ್ತಿದ್ದರು. ಅಲ್ಲಿನ ಪಾದ್ರಿಗಳ ನಿಲುವಂಗಿ ನಮ್ಮ ವೇಷದ ಪೆಟ್ಟಿಗೆಗೆ ಬಂತು. ಯಾರೋ ನಿಜವಾದ ಪಾದ್ರಿಯದು, ಜೈಲಿನಲ್ಲಿದ್ದವನದು. ಅದನ್ನ ಹಾಕ್ಕೊಂಡು ನಾನು ಗೂಢಚಾರನಾಗಬೇಕು.”

“ಅಯ್ಯೋ” ಎಂದೆ.

“ನಮ್ಮ ಮನೆಯವರೆಲ್ಲ ದೇವರನ್ನ ನಂಬುವವರು. ಅದಕ್ಕೆ ರಂಗಕ್ಕೆ ಹೋಗೋ ಮೊದಲು, ಆ ಬಟ್ಟೆಯ ಒಳಗೆ, ಯಾರಿಗೂ ಕಾಣದ ಹಾಗೆ ಹೆಬ್ಬೆರಳಲ್ಲಿ ಎದೆ ಮೇಲೆ ಶಿಲುಬೆ ಗೀರ್ತಿದ್ದೆ. ತಪ್ಪಾಯ್ತು ಅಂತ. ಪರದೆ ಹಿಂದೆ ನನ್ನ ಪಕ್ಕ ನಿಲ್ಲೋನು ಒಬ್ಬನೇ. ಲೆಕ್. ನನ್ನ ಗೆಳೆಯ. ನನ್ನ ಮದುವೆಯಲ್ಲಿ ಕುಣಿದವನು.”

ಆಮೇಲೆ ಒಂದು ದಿನ ಇಡೀ ತಂಡದ ಸಭೆ ಕರೆದರಂತೆ. ಮೇಜಿನ ಮೇಲೆ ಕೆಂಪು ಬಟ್ಟೆ. ತಂಡದೊಳಗಿನ ಶತ್ರುಗಳನ್ನು ಬಯಲು ಮಾಡಿ ಎಂದು ಮೇಲಿನಿಂದ ಆಜ್ಞೆ. ಲೆಕ್ ಎದ್ದು ನಿಂತು, ಝೆಫ್ ಶಿಲುಬೆ ಗೀರುತ್ತಾನೆ, ನಾನು ಕಣ್ಣಾರೆ ನೋಡಿದ್ದೇನೆ ಎಂದು ಹೇಳಿದ.

“ಸುಳ್ಳೇನೂ ಹೇಳಲಿಲ್ಲ. ಅದೇ ಕಷ್ಟ” ಎಂದರು ಝೆಫ್ ಅಂಕಲ್.

ಎಂಟು ವರ್ಷ ತಾಮ್ರದ ಗಣಿಯಲ್ಲಿ ಕೈದಿಯಾಗಿ ಕೆಲಸ. ಜೈಲಿನವನ ಮಗಳೆಂದರೆ ಮಿರೆಲಾಗೆ ಶಾಲೆಯಲ್ಲಿ ಮುಂದೆ ಓದಲು ಬಿಡುತ್ತಿರಲಿಲ್ಲ. ಹಾಗಾಗಿ ತಾವೇ ಹೆಂಡತಿಗೆ ವಿಚ್ಛೇದನ ಕೊಡು ಎಂದು ಹೇಳಿ ಕಳಿಸಿದರು. ಆಕೆ ಕೊಟ್ಟಳು. ಅವರು ಒಳಗಿರುವಾಗಲೇ ಕಾಯಿಲೆ ಬಿದ್ದು ತೀರಿಕೊಂಡಳು. ಹೊರಗೆ ಬಂದ ಮೇಲೆ ಇಟ್ಟಿಗೆ ಭಟ್ಟಿಯ ಕೂಲಿ, ರಂಗಮಂದಿರದ ಮೆಟ್ಟಿಲು ಹತ್ತುವಂತಿಲ್ಲ. ಅವರ ಪಾತ್ರಗಳೆಲ್ಲ ಲೆಕ್‌ಗೆ ಹೋದವು. ಸರ್ಕಾರ ಅವನಿಗೆ ದೊಡ್ಡ ಕಲಾವಿದನೆಂದು ಬಿರುದು ಕೊಟ್ಟಿತು. ಪಾರ್ಟಿಯ ಕಾಲ ಮುಗಿದ ಮೇಲೆ ಲೆಕ್ ಕ್ಷಮೆ ಕೇಳಲು ಓಡಾಡಿದ, ಊರಿನಲ್ಲಿ, ಆಮೇಲೆ ಅಮೆರಿಕದಲ್ಲಿ.

“ಮನೆ, ಹೆಂಡತಿ, ಹಲ್ಲು, ಪಾತ್ರ, ಎಲ್ಲ ತಗೊಂಡರು. ನನ್ನದು ಅಂತ ಉಳಿದಿರೋದು ಒಂದೇ, ವಸಂತಾ. ಅವನಿಗೆ ನಾನು ಕ್ಷಮೆ ಕೊಟ್ಟಿಲ್ಲ. ಅದನ್ನ ನನ್ನ ಕೈಯಿಂದ ಪಾರ್ಟಿಗೂ ಕಿತ್ತುಕೊಳ್ಳಕ್ಕಾಗಲಿಲ್ಲ.”

ನಾನು ಎಲ್ಲರೂ ಆಡುವ ಮಾತನ್ನೇ ಆಡಿದೆ. ಇಷ್ಟು ವರ್ಷ ಆಯಿತಲ್ಲ ಅಂಕಲ್, ಬಿಟ್ಟುಬಿಡಿ, ನಿಮಗೇ ಹಗುರಾಗುತ್ತದೆ ಎಂದೆ.

“ಬಿಡೋದಾದರೆ ನಾನಾಗಿ ಬಿಡಬೇಕು. ಯಾರೋ ಹೇಳಿದರು ಅಂತ ಅಲ್ಲ. ಯಾರೋ ಹೇಳಿದರು ಅಂತ ನಕ್ಕಿದ್ದೀವಿ, ಯಾರೋ ಹೇಳಿದರು ಅಂತ ಅತ್ತಿದ್ದೀವಿ, ಸಾಕು” ಎಂದರು. ಸ್ವಲ್ಪ ತಡೆದು ಮತ್ತೆ ಹೇಳಿದರು: “ನಮ್ಮ ಗುಡ್ಡದ ಕಡೆ ಒಂದು ಕಟ್ಟಳೆ ಇದೆ. ಕೊಲೆಯ ಹಗೆ ಇರಲಿ, ನಾಲ್ಕು ಜನರ ಎದುರು ಕೈ ಕುಲುಕಿದರೆ ಮುಗೀತು. ಆಮೇಲೆ ಅವನ ಹೆಸರು ಹಿಡಿದು ಬೈಯೋ ಹಾಗಿಲ್ಲ. ಸತ್ತರೆ ಮಣ್ಣಿಗೂ ಹೋಗಬೇಕು. ಕುಲುಕಿದವನು ಆಮೇಲೆ ತಾನೇ ರಾಜಿ ಇಲ್ಲ ಅಂದರೆ ಅವನು ಮನುಷ್ಯನೇ ಅಲ್ಲ. ಅದಕ್ಕೇ ನಾನು ಹೂಸ್ಟನ್‌ಗೆ ಹೋಗಲ್ಲ. ಎದುರು ಬಂದು ಕೈ ಚಾಚಿಬಿಟ್ಟರೆ?”

ಬನ್ನಿನ ಪುಡಿ ಒರೆಸಿಕೊಂಡು ಅವರು ಎದ್ದರು. ಮನಸ್ಸಿನ ಭಾರ ಇಳಿದವರ ಹಾಗೆ ಆಸ್ಟಿನ್ ಬರುವ ತನಕ ಏನೋ ಗುನುಗುತ್ತಿದ್ದರು.

ಆಸ್ಟಿನ್‌ನ ಉತ್ತರಕ್ಕೆ ಒಂದು ಶಾಲೆಯ ಆಡಿಟೋರಿಯಂ. ಮಾವಿನೆಲೆಯ ತೋರಣ, ರಂಗೋಲಿ, ಪುಳಿಯೋಗರೆಯ ಘಮ. ಸ್ವಾಗತದ ಹುಡುಗಿಯರು ಅಂಕಲ್‌ರನ್ನು ಆರತಿ ಎತ್ತಿ ಪಕ್ಕದ ಬಾಗಿಲಿನಿಂದ ಒಳಗೆ ಕರೆದುಕೊಂಡು ಹೋದರು. ಕಾರು ನಿಲ್ಲಿಸಿ ಬಂದ ನಾನು ಮುಂಬಾಗಿಲ ಮೇಲಿನ ಬ್ಯಾನರು ನೋಡಿದೆ. ಎರಡು ಫೋಟೋ ಇದ್ದವು. ಒಂದು ಝೆಫ್ ಅಂಕಲ್. ಇನ್ನೊಂದರ ಕೆಳಗೆ ದಪ್ಪ ಕನ್ನಡ ಅಕ್ಷರದಲ್ಲಿ ‘ಹಿರಿಯ ನಟ ಶ್ರೀ ಲೆಕ್’. ಒಳಗೆ ಓಡಿದೆ.

ಗ್ರೀನ್ ರೂಮಿನಲ್ಲಿ ನಮ್ಮ ರಾಯರು ಮುಖಕ್ಕೆ ಬಣ್ಣ ಬಳಿದುಕೊಂಡು ಮೀಸೆ ಅಂಟಿಸುತ್ತಿದ್ದರು.

“ಏನ್ರಿ ಇದು? ಹೊರಗ ಬ್ಯಾನರಿನ ಮ್ಯಾಲೆ ಎರಡನೇ ಫೋಟೋ ಯಾರದು?”

“ಸರ್‌ಪ್ರೈಸ್!” ಎಂದರು, ಕನ್ನಡಿಯಲ್ಲೇ ನಗುತ್ತಾ. “ನಿನಗೂ ಹೇಳಿರಲಿಲ್ಲ. ನಿನ್ನ ಬಾಯಾಗ ಮಾತು ನಿಲ್ಲಂಗಿಲ್ಲ.”

“ಈಗಿಂದೀಗ ನಿಲ್ಲಸ್ರಿ ಇದನ್ನ. ಆ ಮನುಷ್ಯಾ ಇವರನ್ನ ಜೇಲಿಗೆ ಕಳಿಸಿದಾಂವ. ಇವರ ಮನಿ ಮುಳುಗಿಸಿದಾಂವ. ದಾರ್ಯಾಗ ಈಗ ನನಗ ಎಲ್ಲಾ ಹೇಳಿದ್ರು.”

ಭೀಮಸೇನರ ಕೈ ಒಂದು ಕ್ಷಣ ಮೀಸೆಯ ಮೇಲೇ ನಿಂತಿತು. “ಐವತ್ತು ವರ್ಷದ ಹಿಂದಿನ ಮಾತು, ವಸಂತಾ. ಇಬ್ಬರೂ ಮುದುಕರಾಗ್ಯಾರ. ಎದುರಾಎದುರು ಬಂದ್ರ ತಾವಾಗೇ ಕರಗ್ತಾರ. ನಾಟಕದಾಗ ಆಗೂದು ಇದೇ ಅಲ್ಲೇನು?”

“ಇದು ನಾಟಕ ಅಲ್ರಿ!”

ಅಷ್ಟರಲ್ಲಿ ಚಂದ್ರಮೋಹನ ಬಂದರು. ನಾನು ಅವರಿಗೂ ಹೇಳಿದೆ. ಅವರ ಮುಖ ಸಣ್ಣಗಾಯಿತು. “ಮೇಡಂ, ನಂಗಿದೆಲ್ಲ ಗೊತ್ತಿರ್ಲಿಲ್ಲ. ಆದ್ರೆ ಈಗೇನ್ ಮಾಡೋದು ಹೇಳಿ. ಆ ಯಜಮಾನ್ರಿಗೆ ಕ್ಯಾನ್ಸರ್, ತುಂಬಾ ದಿನ ಇಲ್ಲ. ಆಕ್ಸಿಜನ್ ಹಾಕ್ಕೊಂಡು ಕ್ಲಿಯರ್ ಲೇಕ್‌ನಿಂದ ಬಂದಿದಾರೆ. ದಾರಿ ಉದ್ದಕ್ಕೂ ಅಳ್ತಾನೇ ಇದ್ರು. ವಾಪಸ್ ಹೋಗಿ ಅಂತ ಅವರ ಮುಖ ನೋಡಿ ಯಾರು ಹೇಳೋದು? ನೀವೇ ಹೇಳಿ ನೋಡೋಣ.”

ಹೇಳುತ್ತೇನೆ ಎಂದು ದುಮುಗುಡುತ್ತಾ ಹೋದೆ. ವೇದಿಕೆಯ ಎಡಬದಿಯ ಪರದೆಯ ಹಿಂದೆ ವೀಲ್‌ಚೇರಿನಲ್ಲಿ ಅವರು ಕೂತಿದ್ದರು. ಮೈ ಇಳಿದು ಸೂಟು ಜೋಲುತ್ತಿತ್ತು, ಮೂಗಿಗೆ ಕೊಳವೆ. ಮಂಡಿಯ ಮೇಲೆ ಮಡಿಸಿದ ಮೈಸೂರು ಶಾಲು, ಅದರ ಅಂಚನ್ನು ಬೆರಳಲ್ಲಿ ಸವರುತ್ತಿದ್ದರು. ನನ್ನನ್ನು ಕಂಡು ಕೈ ಮುಗಿದರು, ಯಾರೋ ಕಲಿಸಿದ್ದಿರಬೇಕು. ಸಿಟ್ಟು ತಂದುಕೊಳ್ಳೋಣವೆಂದರೂ ಬರಲಿಲ್ಲ. ಸಾಯುವ ಮನುಷ್ಯನನ್ನು ಎಬ್ಬಿಸಿ ಕಳಿಸುವ ಎದೆ ನನಗಿಲ್ಲ.

ಇನ್ನು ಉಳಿದದ್ದು ಒಂದೇ ದಾರಿ. ಪರದೆಯ ಹಿಂಬದಿಯಿಂದ ಬಲಗಡೆಗೆ ಓಡಿದೆ. ಝೆಫ್ ಅಂಕಲ್ ಅಲ್ಲಿ ಕೊರಳಿಗೆ ಹಾರ ಹಾಕಿಸಿಕೊಂಡು ನಿಂತಿದ್ದರು. ಅವರ ತೋಳು ಹಿಡಿದೆ.

“ಅಂಕಲ್, ಆ ಕಡೆ ಲೆಕ್ ಇದ್ದಾರೆ. ನಮ್ಮವರು ಕರೆಸಿಬಿಟ್ಟಿದ್ದಾರೆ, ಅವರಿಗೆ ಗೊತ್ತಿರಲಿಲ್ಲ. ಹಿಂದಿನ ಬಾಗಿಲ ಹತ್ತಿರವೇ ಕಾರಿದೆ. ನಡೀರಿ, ಹೋಗಿಬಿಡೋಣ.”

ಅವರು ವೇದಿಕೆಯಾಚೆ ನೋಡಿದರು. ಎದುರಿನ ಪರದೆಯ ಸಂದಿನಲ್ಲಿ ವೀಲ್‌ಚೇರಿನ ಚಕ್ರ ಕಾಣುತ್ತಿತ್ತು. ನನ್ನ ಕಡೆ ತಿರುಗಿ ಬಾಗಿಲಿನತ್ತ ಒಂದು ಹೆಜ್ಜೆ ಇಟ್ಟರು. ಇಟ್ಟದ್ದು ನಿಜ, ನಾನು ನೋಡಿದ್ದೇನೆ.

ಅದೇ ಹೊತ್ತಿಗೆ ನಿರೂಪಕಿ ಐಶ್ವರ್ಯಾ ಮೈಕಿನಲ್ಲಿ ಅವರ ಹೆಸರು ಕೂಗಿದಳು. ವೇದಿಕೆಯ ಹಿಂದಿನ ಸ್ಕ್ರೀನಿನ ಮೇಲೆ ಹಳೆಯ ಸಿನೆಮಾದ ಝೆಫ್ ಗುಡ್ಡ ಹತ್ತುತ್ತಿದ್ದ. ಸಭಿಕರೆಲ್ಲ ಎದ್ದು ನಿಂತು ಚಪ್ಪಾಳೆ ಹೊಡೆದರು. ನಮ್ಮ ಜನ ಚಪ್ಪಾಳೆಗೆ ಯಾವತ್ತೂ ಜಿಪುಣರಲ್ಲ, ಆದರೆ ಅವತ್ತಿನದು ಸೂರು ಹಾರುವ ಹಾಗಿತ್ತು. ಝೆಫ್ ಅಂಕಲ್ ನಿಂತುಬಿಟ್ಟರು. ಬಾಗಿದ್ದ ಅವರ ಬೆನ್ನು ಸೆಟೆದು ನೆಟ್ಟಗಾಯಿತು.

“ನನ್ನ ಹೆಸರು ಕರೆದರು” ಎಂದರು, ನನಗಲ್ಲ, ತಮಗೇ. ನನ್ನ ಕೈ ಬಿಡಿಸಿಕೊಂಡು ಬೆಳಕಿಗೆ ನಡೆದರು.

ಆಮೇಲಿನದನ್ನು ಇಡೀ ಟೆಕ್ಸಸ್ ನೋಡಿದೆ, ನಾನೂ ಪರದೆಯ ಪಕ್ಕದಲ್ಲಿ ನಿಂತು ನೋಡಿದೆ. ಲೆಕ್‌ರನ್ನು ತಳ್ಳಿಕೊಂಡು ಬಂದರು. ಐಶ್ವರ್ಯಾ, “ಈಗ ಗೆಳೆಯನಿಗೆ ಗೆಳೆಯನೇ ಶಾಲು ಹೊದಿಸುತ್ತಾರೆ” ಎಂದಳು. ಲೆಕ್ ಮಗನ ಹೆಗಲು ಹಿಡಿದು ಎದ್ದು, ಏದುಸಿರು ಬಿಡುತ್ತಾ ಝೆಫ್ ಅಂಕಲ್ ಹೆಗಲಿಗೆ ಶಾಲು ಹಾಕಿದರು. ಜಾರಿತು, ಮತ್ತೆ ಹಾಕಿದರು. ಆಮೇಲೆ ಮೈಕು ಬಾಯಿಯ ಹತ್ತಿರ ಇರುವಾಗಲೇ ತಮ್ಮ ಭಾಷೆಯಲ್ಲಿ ಏನೋ ಹೇಳುತ್ತಾ ಬಿಕ್ಕಿದರು. ಬಿಕ್ಕುತ್ತಲೇ ಬಲಗೈ ಮುಂದೆ ಚಾಚಿದರು.

ಎಲ್ಲರ ಫೋನೂ ಮೇಲೆದ್ದಿದ್ದವು. ಆ ಕೈ ಗಾಳಿಯಲ್ಲೇ ನಿಂತಿತ್ತು. ಬೇಡ ಅಂಕಲ್, ಬೇಡ ಎಂದು ನಾನು ಒಳಗೇ ಬಡಿದುಕೊಳ್ಳುತ್ತಿದ್ದೆ. ನಿಜ ಹೇಳಬೇಕೆಂದರೆ, ಅಯ್ಯೋ ಆ ಕೈ ಹಿಡಿಯಿರಿ ಎಂದೂ ಅನಿಸುತ್ತಿತ್ತು.

ಝೆಫ್ ಅಂಕಲ್ ಆ ಕೈ ಹಿಡಿದು ಕುಲುಕಿದರು.

ಜನ ಕೂಗಾಡಿದರು. ಐಶ್ವರ್ಯಾ ಕಣ್ಣೊರೆಸಿಕೊಂಡು, ನಿಮ್ಮ ಗೆಳೆಯರು ಏನು ಹೇಳಿದರೆಂದು ನಮಗೂ ಹೇಳಿ ಸರ್ ಎಂದಳು. ಅವರು ಮೈಕು ತೆಗೆದುಕೊಂಡು, ತುಂಬು ಧ್ವನಿಯಲ್ಲಿ, “ನನ್ನ ಗೆಳೆಯ ಹೇಳ್ತಿದ್ದಾನೆ, ನಿಮ್ಮ ಪ್ರೀತಿ ದೊಡ್ಡದು, ನಿಮ್ಮ ಅನ್ನ ಮಾತ್ರ ಬಹಳ ಖಾರ” ಎಂದರು. ನಗೆಯೋ ನಗೆ. ಫೋಟೋ ತೆಗೆಯುವವನಿಗೆ ಬೆಳಕು ಸರಿ ಬಂದಿರಲಿಲ್ಲ. “ಇನ್ನೊಂದ್ಸಲ ಸರ್, ಈ ಕಡೆ ನೋಡಿ” ಎಂದು ಕೂಗಿದ. ಇಬ್ಬರೂ ಮತ್ತೆ ಕೈ ಕುಲುಕಿದರು.

ಮರುದಿನ ಬೆಳಿಗ್ಗೆ ನಾವಿಬ್ಬರೇ ಕಾರಿನಲ್ಲಿ ವಾಪಸು ಹೊರಟೆವು. ಊರು ದಾಟಿದ ಮೇಲೆ ನಾನೇ ಕೇಳಿದೆ, ಲೆಕ್ ನಿಜವಾಗಿ ಏನು ಹೇಳಿದರು ಎಂದು.

“ಅವತ್ತು ನಿನ್ನ ಹೆಸರು ಹೇಳದಿದ್ದರೆ ನಾನು ಜೈಲಿಗೆ ಹೋಗಬೇಕಿತ್ತು. ಹೆದರಿದೆ. ಕ್ಷಮಿಸು. ಅಷ್ಟೇ ಹೇಳಿದ.”

“ಮತ್ತೆ ನೀವು...”

“ನಾನು ಕ್ಷಮಿಸಲಿಲ್ಲ. ಕೈ ತಾನಾಗಿ ಹೋಯ್ತು. ರಂಗದ ಮೇಲೆ ಒಬ್ಬ ಕೈ ಚಾಚಿದರೆ ಇನ್ನೊಬ್ಬ ಹಿಡೀಬೇಕು, ಇಲ್ಲದಿದ್ದರೆ ದೃಶ್ಯ ಬಿದ್ದುಹೋಗುತ್ತೆ. ಹುಡುಗನಾಗಿದ್ದಾಗ ಕಲಿತಿದ್ದು, ಮೈಗೆ ಹತ್ತಿಬಿಟ್ಟಿದೆ. ದೃಶ್ಯ ಉಳಿಸಿದೆ ಅಷ್ಟೆ, ವಸಂತಾ. ನನ್ನ ಹತ್ತಿರ ಇದ್ದದ್ದನ್ನ ಕಳಕೊಂಡೆ.” ಅವರು ಕಿಟಕಿಯ ಕಡೆ ತಿರುಗಿ ಅತ್ತರು. ನಾನು ಸ್ಟಿಯರಿಂಗ್ ಹಿಡಿದು ಕಾರು ಓಡಿಸಿದೆ.

ನಾವು ಮನೆ ಮುಟ್ಟುವಷ್ಟರಲ್ಲಿ ವಿಡಿಯೋ ನಮಗಿಂತ ಮುಂಚೆ ಬಂದಿತ್ತು. ಮಿರೆಲಾ ಬಾಗಿಲಲ್ಲೇ ಅಪ್ಪನನ್ನು ತಬ್ಬಿಕೊಂಡಳು. ‘ಐವತ್ತು ವರ್ಷದ ನಂತರ ಕ್ಷಮೆ’ ಎಂದು ಯಾರೋ ಹೆಸರು ಕೊಟ್ಟು, ಹಿಂದೆ ಕೊಳಲು ಸೇರಿಸಿ ಹಂಚಿದ್ದರು. ಶಿಲುಬೆಯ ವಿಷಯ ಹೇಗೋ ಹೊರಬಿದ್ದಿತ್ತು. ನಮ್ಮ ಗ್ರೂಪು, ಅವರ ಗ್ರೂಪು, ಬೆಂಗಳೂರಿನ ಅತ್ತಿಗೆಯ ಗ್ರೂಪು, ಎಲ್ಲೆಲ್ಲೂ ಅದೇ. ಭೀಮಸೇನ ಸೋಫಾದಲ್ಲಿ ಕೂತು ಅದನ್ನು ಮತ್ತೆ ಮತ್ತೆ ಹಾಕಿಕೊಂಡು ಮೂಗು ಒರೆಸಿಕೊಳ್ಳುತ್ತಿದ್ದರು. ಅಂಕಲ್ ಹೇಳಿದ್ದನ್ನು ನಾನು ಹೇಳಿದೆ.

“ನಾಚಿಕಿಗೆ ಹಂಗ ಅಂದಿರ್ತಾರ ಬಿಡು” ಎಂದರು. “ಇಡೀ ಟೆಕ್ಸಸ್ ನೋಡೇದ. ಕ್ಷಮಿಸದವರು ಹಂಗ ಕೈ ಹಿಡೀತಾರೇನು? ನಾನೂ ನಟ ಇದ್ದೇನಿ, ನನಗ ತಿಳೀತದ.”

ತೆಗೆಸಿಬಿಡಿ ಎಂದು ನಾನು ಜಗಳ ಮಾಡಿದ್ದಕ್ಕೆ ತಾವು ಹಾಕಿದ್ದನ್ನು ತೆಗೆದರು. ಊರೆಲ್ಲ ಹಾಕಿದ್ದನ್ನು ಯಾರು ತೆಗೆಯಬೇಕು? ದಿನಸಿ ಅಂಗಡಿಯಲ್ಲಿ ಗುರುತಿಲ್ಲದ ಜನ ಝೆಫ್ ಅಂಕಲ್ ಕಾಲು ಮುಟ್ಟಿದರು.

ಎರಡು ವಾರದ ಮೇಲೆ ಒಂದು ಮಧ್ಯಾಹ್ನ ಅವರು ನಮ್ಮ ಅಡಿಗೆಮನೆಗೆ ಬಂದು ಕೂತರು. ತುಂಬಾ ಯೋಚಿಸಿ ಬಂದವರ ಹಾಗಿದ್ದರು.

“ನಾನೇ ಕ್ಷಮಿಸಿಲ್ಲ ಅಂದರೆ ಮಾತು ಮುರಿದವನಾಗ್ತೀನಿ. ಆದರೆ ಕಂಡವರು ಸಾಕ್ಷಿ ಹೇಳಬಹುದು. ನೀನು ಪರದೆ ಹಿಂದೆ ನನ್ನ ಪಕ್ಕದಲ್ಲಿದ್ದೆ. ನಾನು ಬಾಗಿಲ ಕಡೆ ಹೊರಟಿದ್ದನ್ನ ನೋಡಿದ್ದೀಯ. ಅವನು ಬದುಕಿರುವಾಗಲೇ ಫೋನ್ ಮಾಡಿ ಹೇಳು. ಅದು ಮನಸ್ಸಿನಿಂದ ಬಂದದ್ದಲ್ಲ ಅಂತ. ಅಷ್ಟು ಹೇಳಿದರೆ ಸಾಕು, ನನ್ನದು ನನಗೆ ವಾಪಸ್ ಬರುತ್ತೆ.”

ನನಗೆ ಇಷ್ಟವಿರಲಿಲ್ಲ. ಆದರೆ ಇದು ನಮ್ಮಿಂದ ಆದ ಅನ್ಯಾಯ. ಅವರು ಯಾರಲ್ಲೂ ಏನನ್ನೂ ಕೇಳಿದವರಲ್ಲ, ಇದೊಂದನ್ನು ಕೇಳುತ್ತಿದ್ದರು. ಫೋನನ್ನು ಸ್ಪೀಕರಿಗೆ ಹಾಕಿ ಮೇಜಿನ ಮೇಲಿಟ್ಟು ಆರ್ದಿಯಾನ್‌ಗೆ ಕರೆ ಮಾಡಿದೆ.

ಅವನೇ ಎತ್ತಿದ. ನನ್ನ ಹೆಸರು ಕೇಳಿದ್ದೇ ಅಳತೊಡಗಿದ. ಅಪ್ಪ ಅಂದು ಬೆಳಿಗ್ಗೆ ಹೋಗಿಬಿಟ್ಟಿದ್ದರು.

ಝೆಫ್ ಅಂಕಲ್ ಮೇಜಿನ ಅಂಚು ಹಿಡಿದುಕೊಂಡರು. ಆರ್ದಿಯಾನ್ ಸುಧಾರಿಸಿಕೊಂಡು ಹೇಳಿದ: “ನಿಮ್ಮನ್ನ ಒಂದು ಕೇಳಬೇಕು. ಅಪ್ಪ ಕೊನೇ ತನಕ ಅದನ್ನೇ ಕೇಳ್ತಿದ್ದರು. ಅವನು ನಿಜವಾಗಿ ಕ್ಷಮಿಸಿದನಾ, ಇಲ್ಲ ವೇದಿಕೆ ಅಂತ ಮಾಡಿದನಾ ಅಂತ. ನಾನು ಹೌದು ನಿಜ ಅಂತ ಹೇಳೇ ಅವರನ್ನ ಕಳಿಸಿಕೊಟ್ಟೆ. ನೀವು ಅವರ ಪಕ್ಕದಲ್ಲೇ ಇದ್ರಿ. ಅಪ್ಪನಿಗೆ ನಾನು ಸುಳ್ಳು ಹೇಳಲಿಲ್ಲ ತಾನೇ?”

ಝೆಫ್ ಅಂಕಲ್ ನನ್ನನ್ನೇ ನೋಡುತ್ತಿದ್ದರು. ಕಾಣುವ ಒಂದೇ ಕಣ್ಣಿನಿಂದ, ರೆಪ್ಪೆ ಮಿಟುಕಿಸದೆ.

“ಇಲ್ಲ” ಎಂದೆ. “ನಿಜವಾಗಿಯೇ ಕ್ಷಮಿಸಿದರು. ಮನಸಾರೆ. ನಾನೇ ನೋಡಿದೆ.”

ಅಪ್ಪ ಸತ್ತು ಅರ್ಧ ದಿನವೂ ಆಗದ ಮಗನಿಗೆ ಇನ್ನೇನು ಹೇಳಬೇಕಿತ್ತೋ ನನಗೆ ಇವತ್ತಿಗೂ ತಿಳಿಯದು. ಝೆಫ್ ಅಂಕಲ್‌ಗೆ ಸಾಕ್ಷಿ ಅಂತ ಜಗತ್ತಿನಲ್ಲಿದ್ದವಳು ನಾನೊಬ್ಬಳೇ ಎಂಬುದು ಮಾತ್ರ ತಿಳಿದಿದೆ. ಫೋನ್ ಇಟ್ಟ ಮೇಲೆ ಅವರು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಅವತ್ತು ಮನೆಯಿಂದಲೇ ಕೆಲಸ ಮಾಡುತ್ತಿದ್ದ ಭೀಮಸೇನ ಮಾತು ಕೇಳಿ ಮಹಡಿಯಿಂದ ಇಳಿದು ಬಂದರು. ವಿಷಯ ತಿಳಿದು ಝೆಫ್ ಅಂಕಲ್ ಪಕ್ಕದಲ್ಲಿ ಕೂತು ಅವರ ಹೆಗಲ ಮೇಲೆ ಕೈ ಇಟ್ಟರು. ಮಣ್ಣಿಗೆ ನಾವೆಲ್ಲ ಕೂಡಿಯೇ ಹೂಸ್ಟನ್‌ಗೆ ಹೋಗೋಣ, ಅವರು ತೀರಿಕೊಳ್ಳುವ ಮೊದಲು ನಿಮ್ಮಿಬ್ಬರದು ರಾಜಿಯಾಯಿತಲ್ಲ, ಅದು ದೊಡ್ಡದು ಎಂದರು.

ಝೆಫ್ ಅಂಕಲ್ ಬೆನ್ನು ನೇರ ಮಾಡಿಕೊಂಡು ಅವರತ್ತ ತಿರುಗಿ ನಕ್ಕರು.

“ನಿಮ್ಮಿಂದಲೇ ಆಯ್ತು” ಎಂದರು. “ಥ್ಯಾಂಕ್ಯೂ.”

ಭೀಮಸೇನರ ಕಣ್ಣು ತುಂಬಿ ಬಂತು.